ಹೆಸರು ಬಿಡಿಸಲು ಹೋದೆ, ಪಟ್ಟಿಯಲ್ಲಿ ಹೆಸರೇ ಇಲ್ಲ

ಮಾನ್ಯರೇ,

ನಮ್ಮೂರ ಕೃಷಿ ಪತ್ತಿನ ಸೊಸೈಟಿಗೆ ಚುನಾವಣೆ ಬಂತು. ನೋಟಿಸ್ ಬೋರ್ಡ್ ನೋಡಿದರೆ ಅರ್ಹ ಮತದಾರರ ಪಟ್ಟಿಯಲ್ಲಿ ನಾನಿಲ್ಲ. ಪಕ್ಕದ ಅನರ್ಹರ ಪಟ್ಟಿಯಲ್ಲಿದ್ದೇನೆ, ಅದೂ ತಂದೆಯ ಹೆಸರು, ಅಡ್ಡಹೆಸರು ಒಂದಕ್ಷರ ತಪ್ಪಿಲ್ಲದೆ! ಕಾರಣ, ಮಹಾಸಭೆಗಳಿಗೆ ಗೈರು.

ಗೈರಾಗಿದ್ದು ನಿಜ. ಸಭೆ ಯಾವತ್ತು ನಡೆಯಿತು ಅನ್ನೋದೇ ಗೊತ್ತಿಲ್ಲ. ಸಭೆ ಇಡುವುದು ಸೆಪ್ಟೆಂಬರ್‌ನಲ್ಲಿ. ಆಗ ನಾವು ಹೆಸರುಕಾಯಿ ಬಿಡಿಸುತ್ತಾ, ಉಳ್ಳಾಗಡ್ಡಿ ಕಳೆ ತೆಗೆಯುತ್ತಾ ಹೊಲದಲ್ಲಿರುತ್ತೇವೆ. ನೋಟಿಸ್ ಮನೆಗೆ ಬರಲಿಲ್ಲ. ಕೇಳಿದರೆ ‘ಎಲ್ಲರಿಗೂ ಕಳಿಸೇವಿ’ ಅಂತಾರೆ. ಸಾಲದ ಕಂತು ನಾಲ್ಕು ದಿನ ತಡವಾದರೆ ಇದೇ ಮಂದಿ ಹೊಲಕ್ಕೇ ಹುಡುಕಿಕೊಂಡು ಬರುತ್ತಾರೆ. ನೋಟಿಸಿಗೆ ಮಾತ್ರ ನಮ್ಮ ಮನೆ ದಾರಿ ಸಿಗುವುದಿಲ್ಲ.

ಸಭೆಗೆ ಬರಬೇಕು ಎಂಬ ನಿಯಮ ಕೆಟ್ಟದ್ದಲ್ಲ. ಸಾಲಕ್ಕಷ್ಟೇ ಸೊಸೈಟಿ ಮೆಟ್ಟಿಲು ಹತ್ತುವವರು ನಮ್ಮಲ್ಲಿ ಜಾಸ್ತಿ, ಅದನ್ನೂ ಒಪ್ಪುತ್ತೇನೆ. ಆದರೆ ಹಾಜರಿ ಪುಸ್ತಕ ಇರುವುದು ಆಡಳಿತ ಮಂಡಳಿಯ ಕೈಕೆಳಗೆ. ಮತ್ತೆ ಚುನಾವಣೆಗೆ ನಿಲ್ಲುವವರೂ ಅವರೇ. ಸಾಲಗಾರರ ಕ್ಷೇತ್ರವಿರಲಿ, ಬಿನ್ ಸಾಲಗಾರರ (ಸಾಲ ಪಡೆಯದವರ) ಕ್ಷೇತ್ರವಿರಲಿ, ಊರ ಸೊಸೈಟಿಯಲ್ಲಿ ಸೋಲು ಗೆಲುವು ಹತ್ತಿಪ್ಪತ್ತು ಮತದಲ್ಲಿ. ಬೇಡದವರಿಗೆ ನೋಟಿಸ್ ಮುಟ್ಟದಿದ್ದರೆ ಸಾಕು, ಅರ್ಧ ಚುನಾವಣೆ ಗೆದ್ದಂತೆ ಅಲ್ವಾ?

ಕೈಯಲ್ಲಿ ದುಡ್ಡಿದ್ದವರು ಧಾರವಾಡದ ಹೈಕೋರ್ಟ್ ಪೀಠಕ್ಕೆ ಹೋಗಿ ಮತ ಹಾಕಲು ಮಧ್ಯಂತರ ಆದೇಶ ತರುತ್ತಾರೆ. ಆಮೇಲೆ ಅವರ ಮತಕ್ಕೆ ಬೇರೆ ಡಬ್ಬಿ, ಫಲಿತಾಂಶ ತಡ. ಒಂದು ಮತ ಹಾಕಲು ವಕೀಲರಿಗೆ ಫೀಸು ಕೊಡುವುದು ಎಲ್ಲಾ ರೈತರಿಂದ ಆಗುವ ಮಾತಲ್ಲ.

1905ರಲ್ಲಿ ದೇಶದ ಮೊದಲ ಕೃಷಿ ಪತ್ತಿನ ಸಹಕಾರ ಸಂಘ ಹುಟ್ಟಿದ್ದು ನಮ್ಮದೇ ಗದಗ ತಾಲ್ಲೂಕಿನ ಕಣಗಿನಹಾಳದಲ್ಲಿ. ಶೇರು ಒಂದಿರಲಿ, ನೂರಿರಲಿ, ಒಬ್ಬರಿಗೆ ಒಂದೇ ಮತ ಅನ್ನುವುದು ಸಹಕಾರದ ಲೆಕ್ಕ. ನನ್ನ ಶೇರಿನ ಹಣ ಇವತ್ತಿಗೂ ಸೊಸೈಟಿಯಲ್ಲೇ ಇದೆ. ಹಣ ಅರ್ಹ, ನಾನು ಅನರ್ಹ!

ಸಹಕಾರ ಇಲಾಖೆ ಮತ್ತು ಸಹಕಾರ ಚುನಾವಣಾ ಪ್ರಾಧಿಕಾರ ಇದನ್ನು ಸರಿ ಮಾಡುವುದು ಕಷ್ಟವೇನಲ್ಲ. ನೋಟಿಸ್ ಕೊಟ್ಟಾಗ ಸದಸ್ಯರ ಸಹಿ ತೆಗೆದುಕೊಳ್ಳಲಿ. ಸಹಿ ಇಲ್ಲದಿದ್ದರೆ ಆ ಸಭೆಯ ಗೈರನ್ನು ಲೆಕ್ಕಕ್ಕೆ ಹಿಡಿಯಬಾರದು. ಸಭೆಯ ಹಿಂದಿನ ದಿನ ಊರಲ್ಲಿ ಡಂಗುರ ಸಾರಲಿ. ಗೈರಾದವರ ಪಟ್ಟಿಯನ್ನು ಚುನಾವಣೆ ಹೊತ್ತಿಗೆ ತೆಗೆಯುವುದು ಬಿಟ್ಟು, ಪ್ರತಿವರ್ಷ ಸಭೆ ಮುಗಿದ ವಾರದಲ್ಲೇ ಗ್ರಾಮ ಪಂಚಾಯಿತಿ ಗೋಡೆಗೆ ಹಚ್ಚಲಿ. ತಪ್ಪಿದ್ದರೆ ಆಗಲೇ ತಕರಾರು ಕೊಡುತ್ತೇವೆ.

– ಒಬ್ಬ ಶೇರುದಾರ ರೈತ, ಗದಗ ತಾಲ್ಲೂಕು