ಬುಧವಾರದ ಕ್ಲಾಸಿನ ಬಗ್ಗೆ ಪೋಷಕರಿಗೆ

ಪ್ರಿಯ ಪೋಷಕರೇ, ನಮಸ್ಕಾರ.

ಬಾಯಿ ಕ್ಯಾನ್ಸರ್ ಆಪರೇಷನ್ ಆಗಿ ಬದುಕಿ ಬಂದ ಒಬ್ಬರನ್ನು ಬುಧವಾರ 8, 9ನೇ ಕ್ಲಾಸಿನ ಮಕ್ಕಳತ್ರ ಮಾತಾಡ್ಲಿಕ್ಕೆ ಕರೆಸಿದ್ದೆವು, ಆ ರಾತ್ರಿಯೇ ಗ್ರೂಪಲ್ಲಿ ಶುರುವಾದ ವಾಯ್ಸ್ ಮೆಸೇಜ್ ಅಷ್ಟೂ ಕೂತು ಕೇಳಿದ್ದೇನೆ. ಮಗಳು ಊಟ ಬಿಟ್ಟಳು ಅಂತ ಒಬ್ಬರು, ದವಡೆ ತೆಗೆದ ಮುಖ ಮಕ್ಕಳಿಗೆ ತೋರಿಸ್ಬೇಕಿತ್ತಾ ಅಂತ ಇನ್ನೊಬ್ಬರು. ಮುಂಚೆ ನಿಮಗೊಂದು ಚೀಟಿ ಕಳಿಸ್ಬೇಕಿತ್ತು, ಕಳಿಸ್ಲಿಲ್ಲ, ಅದು ನಮ್ಮ ತಪ್ಪೇ.

ಕರೆಸಿದ್ದು ಮಾತ್ರ ತಪ್ಪಲ್ಲ. ನಮ್ಮ ಕೇರಳದಲ್ಲಿ ಗುಟ್ಕಾ 2012ರಿಂದ ಬ್ಯಾನ್, ಶಾಲೆಯ 100 ಗಜದೊಳಗೆ ತಂಬಾಕು ಮಾರ್ಲಿಕ್ಕಿಲ್ಲ, ತಂಬಾಕು ಪ್ಯಾಕೆಟಿನ 85 ಪರ್ಸೆಂಟ್ ಜಾಗದಲ್ಲಿ ಎಚ್ಚರಿಕೆ, ಹುಣ್ಣಿನ ಫೋಟೋ, ಇಷ್ಟೆಲ್ಲ ಇದ್ದೂ ನಮ್ಮ ಟಾಯ್ಲೆಟ್ ಹಿಂದೆ ಖಾಲಿ ಸ್ಯಾಶೆ ಸಿಗ್ತದೆ. ಆ ಫೋಟೋ ಯಾರದ್ದೋ ಬಾಯಿ, ಮಕ್ಕಳಿಗೆ ಅದು ಸ್ಟಿಕರ್ ಇದ್ದ ಹಾಗೆ. ಇವರು ನಮ್ಮದೇ ಬಸ್ಸಲ್ಲಿ ಓಡಾಡುವ ಜನ. ಅರ್ಧ ತುಳು ಅರ್ಧ ಕನ್ನಡದಲ್ಲಿ, ಒಂಬತ್ತನೇ ಕ್ಲಾಸಲ್ಲಿ ಕಬಡ್ಡಿ ಟೀಮಿನ ದೋಸ್ತಿ ಕೊಟ್ಟ ಮೊದಲ ಪ್ಯಾಕೆಟಿಂದಲೇ ಕಥೆ ಶುರು ಮಾಡಿದ್ರು, ಹಿಂದಿನ ಬೆಂಚಿನ ಮೂವರು ತಲೆ ತಗ್ಗಿಸಿದ್ದನ್ನು ನಾನು ಕಿಟಕಿಯಿಂದ ನೋಡಿದೆ. ನನ್ನ ಹತ್ತು ವರ್ಷದ ಅಸೆಂಬ್ಲಿ ಭಾಷಣಕ್ಕೆ ಯಾರೂ ತಲೆ ತಗ್ಗಿಸಿದ್ದಿಲ್ಲ. ಮತ್ತೆ, ಹೆದರಿಸಿ ಹೋದದ್ದೂ ಅಲ್ಲ ಅವರು. ಬಾಯೊಳಗೆ ಬಿಳಿ ಕಲೆ, ಹುಣ್ಣು ಎರಡು ವಾರ ಕಳೆದ್ರೂ ಉಳಿದ್ರೆ ಡಾಕ್ಟರಿಗೆ ತೋರಿಸಿ, ಮೂರು ಬೆರಳು ಜೋಡಿಸಿ ನೆಟ್ಟಗೆ ಹಿಡಿದಾಗ ಬಾಯೊಳಗೆ ಹೋಗದಿದ್ರೂ ತೋರಿಸಿ, ನಾನು ತಡ ಮಾಡಿದೆ ಅಂದ್ರು.

ಆ ಮೂರು ಬೆರಳೇ ಈಗ ತಕರಾರು! ಮಕ್ಕಳು ಮನೆಗೆ ಹೋಗಿ ಅಜ್ಜಂದಿರ ಬಾಯಿಗೆ ಬೆರಳು ಹಿಡಿಸಿದ್ದಾರೆ, ಅಜ್ಜಂದಿರು ಕವಳದ (ಎಲೆ ಅಡಿಕೆಯ) ತಟ್ಟೆ ಪಕ್ಕಕ್ಕಿಟ್ಟು ನನಗೆ ಫೋನ್ ಮಾಡಿದ್ದಾರೆ. ಅಡಿಕೆಯಿಂದ ಉಣ್ಣುವ ಊರಲ್ಲಿ ಶಾಲೆಯೇ ಅಡಿಕೆಯನ್ನು ಬಯ್ಯುದಾ ಅಂತ. ಸ್ವಾಮೀ, ನನಗೂ ತೋಟ ಉಂಟು, ಮಳೆಗಾಲದಲ್ಲಿ ಅಡಿಕೆಯ ಕೊಳೆರೋಗ ಮಹಾಳಿಗೆ ಬೋರ್ಡೋ ಮದ್ದು ಹೊಡೆಸುವ ಕಷ್ಟ ನನಗೂ ಗೊತ್ತು. ಅಡಿಕೆ ಬೆಳೀಬೇಡಿ ಅಂತ ಯಾರೂ ಹೇಳಿಲ್ಲ. ತಂಬಾಕಿಲ್ಲದ ಅಡಿಕೆಯೂ ಕ್ಯಾನ್ಸರ್ ತರ್ತದೆ ಅಂತ ವಿಶ್ವ ಆರೋಗ್ಯ ಸಂಸ್ಥೆಯ ಕ್ಯಾನ್ಸರ್ ಸಂಶೋಧನಾ ಏಜೆನ್ಸಿ ಪಟ್ಟಿಗೆ ಹಾಕಿ ಇಪ್ಪತ್ತು ವರ್ಷ ಆಯ್ತು, ಅದನ್ನು ಮಕ್ಕಳಿಂದ ಮುಚ್ಚಿಡ್ಲಿಕ್ಕೆ ನನ್ನಿಂದಾಗುದಿಲ್ಲ. ಹಿರಿಯರಿಗೆ ಬೇಸರ ಆಗಿದ್ರೆ ಕ್ಷಮಿಸಿ, ಆದ್ರೆ ಬೆಳೆಯುದು ಬೇರೆ, ಹದಿಮೂರು ವರ್ಷದವ ಜಗಿಯುದು ಬೇರೆ. ಇನ್ನೊಮ್ಮೆ ಹೇಳ್ತೇನೆ, ಬೆಳೀಬೇಡಿ ಅಂತ ಹೇಳಿಲ್ಲ.

ಮುಂದಿನ ಸಲ ಮೊದಲೇ ಚೀಟಿ ಬರ್ತದೆ, ಬೇಡ ಅಂದವರ ಮಕ್ಕಳು ಲೈಬ್ರರಿಯಲ್ಲಿ ಕೂರ್ಬಹುದು.

ಆ ದಿವಸದ ವಿಡಿಯೋ ಯಾರ ಫೋನಲ್ಲಾದ್ರೂ ಇದ್ರೆ ದಯವಿಟ್ಟು ಡಿಲೀಟ್ ಮಾಡಿ, ಅವರು ಮಾತಾಡ್ತೇನೆ ಅಂತ ಒಪ್ಪಿದ್ದು ನಮ್ಮ ಮಕ್ಕಳೆದುರು ಮಾತ್ರ.

ಇತಿ,
ಮುಖ್ಯೋಪಾಧ್ಯಾಯರು