ಸೋಲಿಗ ಹಿರಿಯರ ಮಾತನ್ನೂ ಕೇಳೋಣ

ಮಾನ್ಯ ಸಂಪಾದಕರೇ,

ಬಿಳಿಗಿರಿರಂಗನ ಬೆಟ್ಟಕ್ಕೆ ಹೋದವರು ದೊಡ್ಡ ಸಂಪಿಗೆ ಮರದ ಮುಂದೆ ಫೋಟೊ ತೆಗೆಸಿಕೊಂಡು ಬರುತ್ತಾರೆ. ಅದು ಇಲ್ಲಿನ ಕಾಡಿನ ಬುಡಕಟ್ಟು ಜನ ಸೋಲಿಗರ ದೇವರು ಅನ್ನುವುದು ಎಷ್ಟು ಜನಕ್ಕೆ ಗೊತ್ತು? ಹುಲಿಯೂ ಅವರಿಗೆ ದೇವರೇ, ಹುಲಿವೀರಪ್ಪ. ಕಾಡಿನ ಒಂದೊಂದು ಭಾಗ ಒಂದೊಂದು ಕುಲದ ಎಲ್ಲೆ. ಅಲ್ಲಿನ ಕಲ್ಲು, ಹಳ್ಳ, ಮರಗಳಿಗೆ ಪೂಜೆ ಮಾಡುವವರು ಆ ಕುಲದವರು. ಹೆಜ್ಜೇನು ಇಳಿಸುವಾಗ ಜೇನಿಗೂ ಒಂದು ಪಾಲು ಬಿಟ್ಟು ಬರುತ್ತಾರೆ. ಎಷ್ಟು ದೊಡ್ಡ ಮನಸ್ಸು, ಅಲ್ವಾ?

1974ರಲ್ಲಿ ಕಾಡು ಅಭಯಾರಣ್ಯವಾಯಿತು. ಒಳಗಿದ್ದ ಕುಟುಂಬಗಳು ಹೊರಗಿನ ಪೋಡುಗಳಿಗೆ, ಅಂದರೆ ಸೋಲಿಗರ ಹಾಡಿಗಳಿಗೆ, ಬರಬೇಕಾಯಿತು. ತರಗು ಬೆಂಕಿಯೂ ನಿಂತಿತು. ಬೇಸಿಗೆ ಏರುವ ಮೊದಲೇ ಒಣಗಿದ ತರಗೆಲೆಗೆ ಸಣ್ಣ ಬೆಂಕಿ ಹಾಕುವ ಪದ್ಧತಿ ಅದು. ಅದು ನಿಂತ ಮೇಲೆ ಲಂಟಾನ ಎಂಬ ಕಳೆಗಿಡ ಜಾಸ್ತಿಯಾಯಿತು, ಪ್ರಾಣಿಗಳಿಗೆ ಮೇವು ಕಡಿಮೆಯಾಯಿತು ಎನ್ನುತ್ತಾರೆ ಸೋಲಿಗ ಹಿರಿಯರು. ಸುಮ್ನೆ ಹೇಳುವ ಮಾತಲ್ಲ ಅದು. ಕಾಡನ್ನು ದಿನವೂ ನಡೆದು ನೋಡಿದವರು ಅವರು.

2011ರಲ್ಲಿ ಇದು ಹುಲಿ ಸಂರಕ್ಷಿತ ಪ್ರದೇಶವಾಯಿತು. ಅದೇ ವರ್ಷ ಸೋಲಿಗರಿಗೆ ಅರಣ್ಯ ಹಕ್ಕು ಕಾಯ್ದೆಯಡಿ ಸಮುದಾಯ ಹಕ್ಕೂ ಸಿಕ್ಕಿತು. ದೇಶದ ಹುಲಿ ಸಂರಕ್ಷಿತ ಪ್ರದೇಶವೊಂದರಲ್ಲಿ ಹೀಗಾಗಿದ್ದು ಅದೇ ಮೊದಲು. ಹಕ್ಕುಪತ್ರ ಕೊಟ್ಟು ಕೈತೊಳೆದುಕೊಂಡರೆ ಆಗದು. ಲಂಟಾನ ತೆಗೆಯುವ, ಬೆಂಕಿ ತಡೆಯುವ ಯೋಜನೆ ಮಾಡುವಾಗ ಪೋಡಿನ ಹಿರಿಯರನ್ನು ಕೂರಿಸಿಕೊಂಡು ಕೇಳಬೇಕು. ಎಲ್ಲೆಯ ದೇವರ ಪೂಜೆಗೆ ಮಕ್ಕಳನ್ನು ಕರೆದುಕೊಂಡು ಹೋಗಲು ಯಾವ ಅಡ್ಡಿಯೂ ಇರಬಾರದು. ನಡೆದು ನೋಡದ ಮಗುವಿಗೆ ಆ ಜಾಗದ ಹೆಸರು ಹೇಗೆ ನೆನಪಿರುತ್ತದೆ?

– ಒಬ್ಬ ಓದುಗ, ಚಾಮರಾಜನಗರ