ಒಬ್ಬರೇ ಆಡುವ ನಾಟಕಕ್ಕೆ ಮೊಬೈಲ್ ಕಾಟ

ಮಾನ್ಯರೇ,

ಮೊನ್ನೆ ಚಿತ್ರದುರ್ಗದಲ್ಲಿ ಒಂದು ಏಕವ್ಯಕ್ತಿ ನಾಟಕ ನೋಡಿದೆ. ಒಂದು ಕುರ್ಚಿ, ಒಂದು ಕನ್ನಡಕ, ಅಷ್ಟೇ. ಅಂಬೇಡ್ಕರ್ 1949ರ ನವೆಂಬರ್ 25ರಂದು ಸಂವಿಧಾನ ಸಭೆಯಲ್ಲಿ ಮಾಡಿದ ಭಾಷಣವನ್ನು ನಟ ಕನ್ನಡದಲ್ಲಿ ಆಡುತ್ತಿದ್ದರು. ರಾಜಕೀಯದಲ್ಲಿ ಸಮಾನತೆ ಬರುತ್ತದೆ, ಬದುಕಿನಲ್ಲಿ ಅಸಮಾನತೆ ಉಳಿಯುತ್ತದೆ ಎನ್ನುವ ಮಾತಿಗೆ ಬಂದಾಗ ಕನ್ನಡಕ ತೆಗೆದು, ಕರ್ಚೀಫಿನಲ್ಲಿ ಒರೆಸುತ್ತಾ ಸುಮ್ನೆ ನಿಂತುಬಿಟ್ಟರು. ನಾಟಕ ಇರುವುದೇ ಆ ಮೌನದಲ್ಲಿ, ಅಲ್ವಾ? ಸರಿಯಾಗಿ ಆಗಲೇ ನನ್ನ ಹಿಂದೆ ಮೊಬೈಲ್ ಬಡಿದುಕೊಂಡಿತು. ಎತ್ತಿದವರು 'ನಾಟಕದಾಗಿದೀನಿ, ಹೇಳು' ಅಂತ ಮಾತಿಗೇ ಇಳಿದರು!

ಹತ್ತು ಜನರ ನಾಟಕದಲ್ಲಿ ಒಬ್ಬರು ತಪ್ಪಿದರೆ ಇನ್ನೊಬ್ಬರು ಎತ್ತಿಕೊಳ್ಳುತ್ತಾರೆ. ಇಲ್ಲಿ ಆ ಆಸರೆ ಇಲ್ಲ. ಊರೂರು ತಿರುಗಿ ನಾಟಕ ಆಡುವ ಸಾಣೇಹಳ್ಳಿಯ ಶಿವಸಂಚಾರ ತಂಡ ಇರುವ ಜಿಲ್ಲೆ ನಮ್ಮದು. ಆಯೋಜಕರು ಬಾಗಿಲಲ್ಲೇ ಮೊಬೈಲ್ ಆಫ್ ಮಾಡಿಸಲಿ. ಶಾಲು-ಹಾರದ ಸನ್ಮಾನವನ್ನೂ ನಾಟಕ ಮುಗಿದ ಮೇಲೆ ಇಟ್ಟುಕೊಳ್ಳಲಿ, ಅವತ್ತು ಅದಕ್ಕೇ ಒಂದು ಗಂಟೆ ಹೋಯಿತು.

– ಒಬ್ಬ ಪ್ರೇಕ್ಷಕ, ಚಿತ್ರದುರ್ಗ